ಸಂಪಾದಕೀಯಕ್ಕೆ ಕತ್ತರಿ ಹಾಕುವ ಮುನ್ನ

ಮೊದಲು ಕತ್ತರಿ ಕೆಳಗಿಡಿ. ಕಾಸರಗೋಡಿನ ಕುಂಬಳೆ ಕಡೆ ನಿಮ್ಮ ಅಜ್ಜ ನಡೆಸುತ್ತಿದ್ದ ಕನ್ನಡ ವಾರಪತ್ರಿಕೆಯ ಕಟ್ಟು ಸಿಕ್ಕಿದೆ, ಸಂಪಾದಕೀಯಗಳನ್ನು ಆರಿಸಿ ಪುಸ್ತಕ ಮಾಡಲೇ, ಹಿರಿಯರನ್ನು ಮಾತನಾಡಿಸಿ ಇತಿಹಾಸ ಬರೆಯಲೇ ಎಂದು ಕೇಳಿದ್ದೀರಿ. ಎರಡೂ ಈಗಲೇ ಬೇಡ.

ಬದಿಯಡ್ಕದ ಹತ್ತಿರ ನನ್ನ ದೊಡ್ಡಪ್ಪನೂ ಅಂಥದ್ದೇ ಪತ್ರಿಕೆ ನಡೆಸುತ್ತಿದ್ದರು. ಅವರು ತೀರಿಕೊಂಡ ಮೇಲೆ ಅಟ್ಟದಿಂದ ಇಳಿಸಿದ ಸಂಚಿಕೆಗಳಿಂದ ಸಂಪಾದಕೀಯಗಳನ್ನಷ್ಟೇ ಕತ್ತರಿಸಿ, ಮೈದಾ ಅಂಟಿನಲ್ಲಿ ಪುಸ್ತಕವೊಂದಕ್ಕೆ ಅಂಟಿಸಿದೆ. ಉಳಿದದ್ದು ಗುಜರಿಗೆ ಹೋಯಿತು. ಹಳೆಯ ಅಡಿಕೆ ಧಾರಣೆ, ತಾಳಮದ್ದಳೆಯ ಜಾಹೀರಾತು ಯಾರಿಗೆ ಬೇಕು ಎಂಬುದು ಆಗಿನ ನನ್ನ ವಾದ. ತಾರೀಕು ಪುಟದ ನೆತ್ತಿಯಲ್ಲಿತ್ತು, ಅದೂ ಹೋಯಿತು. ಈಚೆಗೆ ಒಂದು ತುಂಡು ತಾನಾಗಿ ಬಿಟ್ಟುಕೊಂಡಿತು. ಬೆನ್ನಿನಲ್ಲಿ ‘ಹಳೆ ಅಡಿಕೆ’ ಎಂದಿದೆ, ಧಾರಣೆ ಕತ್ತರಿಯ ಆಚೆ ಉಳಿದಿದೆ.

ಆದರೆ ದೊಡ್ಡ ನಷ್ಟ ಕೊನೆಯ ಪುಟದ ತಳದ ಸಾಲಿನದು. ಮುದ್ರಕರು ಯಾರು, ಪ್ರಕಾಶಕರು ಯಾರು, ಎಲ್ಲಿ ಅಚ್ಚಾಯಿತು ಎಂದು ಹೇಳುವ ಆ ಸಾಲನ್ನು 1867ರ ಮುದ್ರಣಾಲಯ ಕಾಯ್ದೆ ಕಡ್ಡಾಯ ಮಾಡಿತ್ತು. ಅಲ್ಲಿಯವರೆಗೆ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದ ಕಾಸರಗೋಡು ತಾಲೂಕು 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತಲ್ಲ, ಆಮೇಲೂ ದೊಡ್ಡಪ್ಪ ಹಠ ಹಿಡಿದು ಆ ಸಾಲಿನಲ್ಲಿ ‘ದ.ಕ. ಜಿಲ್ಲೆ’ ಎಂದೇ ಅಚ್ಚು ಹಾಕಿಸಿದರು ಎಂಬುದು ನಮ್ಮ ಮನೆಯ ಹೆಮ್ಮೆಯ ಕಥೆ. ಅಲ್ಲಿ ಮೊಳೆ, ಅಂದರೆ ಅಚ್ಚಿನ ಅಕ್ಷರ, ಜೋಡಿಸುತ್ತಿದ್ದವರು ಹೇಳಿದ್ದು ಬೇರೆಯೇ: ‘ಆ ಸಾಲನ್ನು ಬಿಚ್ಚುತ್ತಲೇ ಇರಲಿಲ್ಲ. ಕಟ್ಟಿಟ್ಟದ್ದನ್ನೇ ವಾರವಾರ ಹಾಕುತ್ತಿದ್ದೆವು. ಬದಲಿಸಬೇಕೆಂದು ಯಾರಿಗೂ ಹೊಳೆಯಲಿಲ್ಲ.’ ಹಠವೋ ಮರೆವೋ? ಪುಟಗಳಿದ್ದರೆ ತೀರ್ಮಾನ ಸುಲಭವಿತ್ತು. ವಾರದಿಂದ ವಾರಕ್ಕೆ ಅದೇ ಒತ್ತಕ್ಷರದ ಬಾಲ ಅದೇ ಜಾಗದಲ್ಲಿ ಮುರಿದಿದ್ದರೆ ಅದು ಬಿಚ್ಚದ ಸಾಲು. ಹೊಸದಾಗಿ ಜೋಡಿಸಿದ ಸಾಲಿನಲ್ಲೂ ‘ದ.ಕ.’ ಇದ್ದರೆ ಮಾತ್ರ ಹಠ. ಈ ವಿಷಯದಲ್ಲಿ ಆವೇಶದ ಸಂಪಾದಕೀಯಗಳ ರಾಶಿ ನನಗೆ ಕಾಸಿನ ಪ್ರಯೋಜನಕ್ಕೂ ಬರಲಿಲ್ಲ.

ಹಾಗಾಗಿ ಪ್ರತಿ ಹಾಳೆಯ ಎರಡೂ ಮೈಯನ್ನು, ಅಂಚು, ಅಂಚೆ ಮುದ್ರೆ ಸಹಿತ, ಪೂರ್ತಿ ಚಿತ್ರ ತೆಗೆಯಿರಿ. ಮಾಲೀಕರು ಯಾರೆಂಬ ಜಗಳ ನಿಮ್ಮ ಮನೆಯಲ್ಲೂ ಇದ್ದೇ ಇರುತ್ತದೆ. 1956ರ ಪತ್ರಿಕಾ ನೋಂದಣಿ ನಿಯಮಗಳು ಬಂದ ಮೇಲಿನ ವರ್ಷಗಳಿಗಾದರೆ ಫೆಬ್ರವರಿ ಮುಗಿದ ಕೂಡಲೇ ಬಂದ ಮೊದಲ ಸಂಚಿಕೆ ನೋಡಿ. ಮಾಲೀಕತ್ವದ ವಿವರವನ್ನು ‘ಫಾರಂ 4’ ಎಂದು ಅದರಲ್ಲೇ ಪ್ರಕಟಿಸಬೇಕಿತ್ತು. ಮುದ್ರಕರು, ಪ್ರಕಾಶಕರು ತಾವೇ ಎಂದು ದಂಡಾಧಿಕಾರಿಯ ಮುಂದೆ ಸಲ್ಲಿಸಿದ ಘೋಷಣೆಪತ್ರ ಹುಡುಕುವುದಾದರೆ ಇಸವಿ ನೋಡಿಕೊಂಡು ಹೊರಡಿ. ಪತ್ರಿಕೆ ಕುಳಿತ ಕೋಣೆ ಬಿಟ್ಟು ಕದಲದಿದ್ದರೂ ಅದರ ಜಿಲ್ಲಾ ಕೇಂದ್ರ ಮೊದಲು ಮಂಗಳೂರು, 1957ರಿಂದ ಕಣ್ಣೂರು, 1984ರ ಮೇ 24ರಿಂದ ಕಾಸರಗೋಡು. ಕಟ್ಟಿನಲ್ಲಿಲ್ಲದ ಸಂಚಿಕೆಗಳಿಗೆ ಚೆನ್ನೈಯ ಕನ್ನೆಮಾರ ಗ್ರಂಥಾಲಯ, ಕೋಲ್ಕತ್ತದ ರಾಷ್ಟ್ರೀಯ ಗ್ರಂಥಾಲಯಗಳಲ್ಲಿ ವಿಚಾರಿಸಿ. ಅಚ್ಚಾದದ್ದರ ಪ್ರತಿಯನ್ನು ಈ ಗ್ರಂಥಾಲಯಗಳಿಗೆ ಕಳುಹಿಸಬೇಕೆಂಬ 1954ರ ಕಾಯ್ದೆಗೆ 1956ರಲ್ಲಿ ಪತ್ರಿಕೆಗಳನ್ನೂ ಸೇರಿಸಿದ್ದರು. ನಿಮ್ಮ ಅಜ್ಜ ಅಂಚೆ ವೆಚ್ಚ ಉಳಿಸಿದ್ದರೆ ಅದು ಬೇರೆ ಮಾತು.

ಹಿರಿಯರ ಸರದಿ ಆಮೇಲೆ. ವೇದಿಕೆಯಲ್ಲಿ ಕೂರುತ್ತಿದ್ದವರು ಅಜ್ಜನ ಧೈರ್ಯವನ್ನು ಹೊಗಳುತ್ತಾರೆ, ಕೇಳಿ ಬನ್ನಿ. ಕೆಲಸಕ್ಕೆ ಬರುವವರು ಮೊಳೆ ಜೋಡಿಸಿದವರು, ಚಂದಾ ವಸೂಲಿಗೆ ಪೆರ್ಲ, ಮುಳ್ಳೇರಿಯ ತಿರುಗಿದವರು. ಬರಿಗೈಯಲ್ಲಿ ಹೋಗಬೇಡಿ; ಪುಟದ ಪ್ರತಿಯನ್ನು ಮುಂದಿಟ್ಟು ಈ ಜಾಹೀರಾತಿಗೆ ಹಣ ಬಂತೇ, ಉದ್ರಿಯೇ ಎಂದು ಕೇಳಿ. ನಮ್ಮ ಪತ್ರಿಕೆಯನ್ನು ಸಾಕಿದ್ದು ಚಂದಾ ಅಲ್ಲ, ಅದೇ ಯಂತ್ರದಲ್ಲಿ ಅಚ್ಚಾಗುತ್ತಿದ್ದ ಮದುವೆಯ ಕರೆಯೋಲೆ ಎಂಬುದು ನನಗೆ ತಿಳಿದದ್ದು ಹಾಗೆ. ಎರಡು ಮದುವೆ ಒಟ್ಟಿಗೆ ಬಂದ ವಾರ ಪತ್ರಿಕೆಯೇ ತಡವಾಗುತ್ತಿತ್ತಂತೆ.