ಎದೆ ಮೇಲೆ ಕೂತವರು ಯಾರು?

ವಿಜಯನಗರದಿಂದ ಪತ್ರ ಬರೆದ ತಾಯಿಯವರಿಗೆ ನಮಸ್ಕಾರ.

ನೈಟ್ ಶಿಫ್ಟ್ ಮುಗಿಸಿ ಬೆಳಗಿನ ಜಾವ ಮಲಗಿದ ನಿಮ್ಮ ಮಗನಿಗೆ ಯಾರೋ ಎದೆ ಮೇಲೆ ಕೂತ ಹಾಗಾಯಿತು. ಕೂಗೋಣವೆಂದರೆ ದನಿಯೇ ಹೊರಡಲಿಲ್ಲ. ಪಿಜಿಯವರು ಹಿತ್ತಲಿನ ಹುಣಸೆ ಮರ ತೋರಿಸಿದರು. 'ಇಂಜಿನಿಯರಿಂಗ್ ಓದಿದವನೂ ದೆವ್ವ ನಂಬಿದರೆ ಹೇಗೆ?' ಎಂದು ಕೇಳಿದ್ದೀರಿ.

ಅವನು ಸುಳ್ಳು ಹೇಳುತ್ತಿಲ್ಲ, ಅದು ಮೊದಲ ಮಾತು. ಕನಸು ಬೀಳುವ ಹೊತ್ತಿನಲ್ಲಿ ಮಿದುಳು ನಮ್ಮ ಕೈಕಾಲನ್ನು ಸಡಿಲ ಬಿಟ್ಟಿರುತ್ತದೆ. ಇಲ್ಲದಿದ್ದರೆ ಕನಸಲ್ಲಿ ಓಡಿದವರೆಲ್ಲ ಮಂಚದಿಂದ ಬೀಳಬೇಕಿತ್ತು. ಕೆಲವೊಮ್ಮೆ ಎಚ್ಚರ ಮೊದಲಾಗುತ್ತದೆ, ಮೈ ಇನ್ನೂ ಹಾಗೇ ಇರುತ್ತದೆ. ಕಣ್ಣು ಬಿಟ್ಟಿರುತ್ತೀರಿ, ಬೆರಳು ಅಲ್ಲಾಡುವುದಿಲ್ಲ, ಎದೆ ಬಿಗಿಯುತ್ತದೆ, ಕನಸಿನ ಚೂರು ಕೋಣೆಯಲ್ಲೇ ಓಡಾಡುತ್ತದೆ. ನಿದ್ದೆಗೆಟ್ಟವರಿಗೆ, ಶಿಫ್ಟ್ ಬದಲಾಗುವವರಿಗೆ, ಅಂಗಾತ ಮಲಗುವವರಿಗೆ ಇದು ಜಾಸ್ತಿ. ಜಪಾನಿನಲ್ಲಿ ಇದಕ್ಕೆ ಕನಶಿಬಾರಿ ಎಂಬ ಹೆಸರೇ ಇದೆ. ಕೆನಡಾದ ನ್ಯೂಫೌಂಡ್‌ಲ್ಯಾಂಡಿನಲ್ಲಿ ಮುದುಕಿಯೊಬ್ಬಳು ಬಂದು ಕೂರುತ್ತಾಳಂತೆ. ಆಗಿದ್ದು ಒಂದೇ. ಬಂದವರು ಯಾರು ಅನ್ನೋದನ್ನು ಮಾತ್ರ ಆಯಾ ಊರಿನವರು ಹೇಳಿಕೊಡುತ್ತಾರೆ.

ಇನ್ನು ಓದಿನ ವಿಷಯ. 1990ರ ದಶಕದಲ್ಲಿ ಬೆಂಗಳೂರಿನ ಎಷ್ಟೋ ಬಾಗಿಲ ಮೇಲೆ 'ನಾಳೆ ಬಾ' ಎಂದು ಬರೆದಿರುತ್ತಿತ್ತು, ನೆನಪಿದೆ ಅಲ್ವಾ? ದೆವ್ವ ರಾತ್ರಿ ಮನೆಯವರ ದನಿಯಲ್ಲೇ ಕರೆಯುತ್ತದೆ, ಅದನ್ನು ಓದಿ ವಾಪಸು ಹೋಗುತ್ತದೆ ಅಂತ. (ಕನ್ನಡ ಓದುವ ದೆವ್ವ! ಈಗಿನ ಅಪಾರ್ಟ್‌ಮೆಂಟುಗಳಲ್ಲಿ ಅದಕ್ಕೆ ಕಷ್ಟವೇ.) ನಮ್ಮಮ್ಮನೂ ಸೀಮೆಸುಣ್ಣದಲ್ಲಿ ಬರೆದಿದ್ದರು. ನಾನಾಗ ಬಸವನಗುಡಿಯ ನ್ಯಾಷನಲ್ ಕಾಲೇಜಿನಲ್ಲಿ ಬಿ.ಎಸ್ಸಿ. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ, 1976ರಲ್ಲಿ, ಪವಾಡಗಳನ್ನು ಪರೀಕ್ಷೆ ಮಾಡಲೆಂದೇ ಸಮಿತಿ ರಚಿಸಿದ ಎಚ್. ನರಸಿಂಹಯ್ಯನವರ ಕಾಲೇಜು ಅದು. ಅಲ್ಲಿಂದ ಬಂದವನು ಆ ಅಕ್ಷರ ಒರೆಸಿದೆನೇ? ಇಲ್ಲ. ಒಮ್ಮೆ ಎರಚಲು ಹೊಡೆದು 'ನಾಳೆ' ಅಳಿಸಿ ಬರೀ 'ಬಾ' ಉಳಿದಿತ್ತು. ಅಮ್ಮ ಊರಿಗೆ ಹೋಗಿದ್ದರು. ಸುಮ್ನೆ ಯಾಕೆ ಅಂತ, ಅತ್ತಿತ್ತ ನೋಡಿ, ನಾನೇ ತಿದ್ದಿದೆ.

ಹಾಗಾಗಿ ಹುಡುಗನಿಗೆ ಬೈಯಬೇಡಿ. ಮಗ್ಗುಲಾಗಿ ಮಲಗಲಿ, ದಿನವೂ ಒಂದೇ ಹೊತ್ತಿಗೆ ಮಲಗಲು ನೋಡಲಿ. ಮತ್ತೆ ಮತ್ತೆ ಆದರೆ ಡಾಕ್ಟರಿಗೆ ತೋರಿಸಿ. ಪತ್ರದ ಕೊನೆಗೆ ಸಣ್ಣ ಅಕ್ಷರದಲ್ಲಿ, 'ಒಂದು ತಾಯಿತ ಕಟ್ಟಿಸಿಬಿಡಲೇ?' ಎಂದು ನೀವೂ ಕೇಳಿದ್ದೀರಿ. ಕಟ್ಟುವವರು ಎಷ್ಟು ಕೇಳಿದರು, ಮೊದಲು ಅದನ್ನು ಬರೆದು ತಿಳಿಸಿ.

— ಸಂಪಾದಕ