ಮೊದಲು ನಡೆಸಿ, ಆಮೇಲೆ ಹಾರಿಸಿ: ಒಂದು ಲೇಖನಕ್ಕೆ ಸಂಪಾದಕರ ಉತ್ತರ

ನಮಸ್ಕಾರ,

‘ವರ್ಲ್ಡ್ ಆಫ್ ವಾರ್‌ಕ್ರಾಫ್ಟ್’ ಎಂಬ ಆನ್‌ಲೈನ್ ಗೇಮಿನ ಹಳೆಯ ಜೋನ್‌ಗಳಲ್ಲಿ, ಅಂದರೆ ಪ್ರದೇಶಗಳಲ್ಲಿ, ಹಾರಾಟವನ್ನು ಅನ್‌ಲಾಕ್ ಮಾಡಿಕೊಳ್ಳುವ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಅದನ್ನು ಪ್ರಕಟಿಸಲು ಆಗುವುದಿಲ್ಲ. ಆದರೆ ಬೇಡ ಅಂತ ವಾಪಸ್ ಕಳಿಸುವ ಮನಸ್ಸೂ ನನಗಿಲ್ಲ. ನಿಮ್ಮ ಲೇಖನದೊಳಗೆ ಇನ್ನೊಂದು ಲೇಖನ ಇದೆ, ಅದು ಚೆನ್ನಾಗಿದೆ. ಅದನ್ನು ಹೊರಗೆ ತೆಗೆಯುವುದು ಹೇಗೆ ಅಂತ ಹೇಳುವುದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ.

ಮೊದಲು ತಪ್ಪುಗಳು. 2007ರಲ್ಲಿ ‘ಬರ್ನಿಂಗ್ ಕ್ರುಸೇಡ್’ ಎಂಬ ವಿಸ್ತರಣೆ ಬಂದ ದಿನದಿಂದ ಗೇಮಿನ ಎಲ್ಲ ಕಡೆ ಹಾರಬಹುದಿತ್ತು ಎಂದು ಬರೆದಿದ್ದೀರಿ. ಹಾಗಲ್ಲ. ಆಗ ಹಾರಲು ಬಿಟ್ಟಿದ್ದು ಔಟ್‌ಲ್ಯಾಂಡ್ ಎಂಬ ಹೊಸ ಲೋಕದಲ್ಲಿ ಮಾತ್ರ, ಅದೂ ಲೆವೆಲ್ 70 ಮುಟ್ಟಿದ ಮೇಲೆ. ಪೋರ್ಟಲ್ ದಾಟಿ ಗೇಮಿನ ಮೂಲ ಲೋಕವಾದ ಆಝೆರಾತ್‌ಗೆ ಬಂದರೆ ಮತ್ತೆ ಕುದುರೆಯೋ ತೋಳವೋ ಏರಿ ನೆಲದ ಮೇಲೇ ಓಡಬೇಕಿತ್ತು. 2008ರ ನವೆಂಬರ್‌ನಲ್ಲಿ ನಾರ್ತ್‌ರೆಂಡ್ ಎಂಬ ಖಂಡ ಸೇರಿಕೊಂಡಿತು, ಅಲ್ಲಿ ಹಾರುವುದಕ್ಕೆ ಬೇರೆ ತರಬೇತಿ ಇತ್ತು. ಮೂಲ ಗೇಮಿನ ಎರಡು ಖಂಡಗಳಾದ ಕಾಲಿಮ್ಡೋರ್ ಮತ್ತು ಈಸ್ಟರ್ನ್ ಕಿಂಗ್‌ಡಮ್ಸ್ ಹಾರಾಟಕ್ಕೆ ತೆರೆದದ್ದು 2010ರ ಡಿಸೆಂಬರ್ 7ರಂದು, ‘ಕ್ಯಾಟಕ್ಲಿಸಮ್’ ವಿಸ್ತರಣೆಯ ಜೊತೆ. ಗೇಮ್ ಹುಟ್ಟಿದ್ದು 2004ರ ನವೆಂಬರ್‌ನಲ್ಲಿ. ಅಂದರೆ ಆರು ವರ್ಷ ಆ ನೆಲದ ಮೇಲೆ ಯಾರೂ ಸ್ವಂತ ಇಷ್ಟದಂತೆ ಹಾರಲಿಲ್ಲ. ಈ ಆರು ವರ್ಷವೇ ನಿಮ್ಮ ಲೇಖನದ ಜೀವ. ಅದನ್ನು ಒಂದು ತಪ್ಪು ವಾಕ್ಯದಲ್ಲಿ ಅಳಿಸಿಬಿಟ್ಟಿದ್ದೀರಿ.

ಇನ್ನೊಂದು, ಲೈಸೆನ್ಸಿನ ವಿಷಯ. ಲೆವೆಲ್ 60ರಲ್ಲಿ 250 ಗೋಲ್ಡ್ (ಗೇಮಿನೊಳಗಿನ ಹಣ) ಕೊಟ್ಟು ‘ಫ್ಲೈಟ್ ಮಾಸ್ಟರ್ಸ್ ಲೈಸೆನ್ಸ್’ ಕೊಳ್ಳಬೇಕು ಎಂದು ಈಗಲೂ ಹಾಗೇ ಇದೆ ಅನ್ನುವ ಧಾಟಿಯಲ್ಲಿ ಬರೆದಿದ್ದೀರಿ. 2010ರ ಮಟ್ಟಿಗೆ ಅದು ಸರಿ. 2020ರ ಅಕ್ಟೋಬರ್‌ನಲ್ಲಿ ಎಲ್ಲರ ಲೆವೆಲ್ಲನ್ನೂ ಕುಗ್ಗಿಸಿದಾಗ ಆ ಲೈಸೆನ್ಸ್ ಹೋಯಿತು, ಹಾರಾಟದ ತರಬೇತಿ ಲೆವೆಲ್ 30ಕ್ಕೆ ಇಳಿಯಿತು. 2024ರ ಮೇನಲ್ಲಿ ‘ಕ್ಯಾಟಕ್ಲಿಸಮ್ ಕ್ಲಾಸಿಕ್’ ಎಂಬ ಹಳೆಯ ಮಾದರಿಯ ಗೇಮ್ ಶುರುವಾದಾಗ ಹಳೆಯ ವ್ಯವಸ್ಥೆ ಅಲ್ಲಿ ಮತ್ತೆ ಬಂತು. ನೀವು ಯಾವ ಗೇಮಿನ, ಯಾವ ಕಾಲದ ಮಾತು ಹೇಳುತ್ತಿದ್ದೀರಿ ಅಂತ ಮೊದಲ ಪ್ಯಾರಾದಲ್ಲೇ ಹೇಳಿಬಿಡಿ. ಇಲ್ಲದಿದ್ದರೆ ನಿಮ್ಮನ್ನು ನಂಬಿದ ಹುಡುಗನೊಬ್ಬ ಇಲ್ಲದ ಲೈಸೆನ್ಸ್ ಹುಡುಕಿಕೊಂಡು ಟ್ರೈನರಿಂದ ಟ್ರೈನರಿಗೆ ಸುಮ್ನೆ ಅಲೆಯುತ್ತಾನೆ. ನಮ್ಮ ಹೆಸರಿನಲ್ಲಿ ಅಂಥದ್ದು ಆಗಬಾರದು.

ನಿಜ ಹೇಳಬೇಕೆಂದರೆ, ಹೀಗೆ ಹಂತ ಹಂತವಾಗಿ ‘ಇಲ್ಲಿಗೆ ಹೋಗಿ, ಇಷ್ಟು ಕೊಡಿ’ ಎನ್ನುವ ಬರಹಕ್ಕೆ ಆಯುಷ್ಯ ಕಡಿಮೆ. ಮುಂದಿನ ಪ್ಯಾಚ್ ಬಂದರೆ ಅದರ ಕಥೆ ಮುಗಿಯಿತು. ಲೇಖನದ ಮುಕ್ಕಾಲು ಭಾಗ ನೀವು ಅದನ್ನೇ ಬರೆದಿದ್ದೀರಿ. ಆದರೆ ನಡುವೆ ಎಲ್ಲೋ ಒಂದು ವಾಕ್ಯ ಬಿಟ್ಟಿದ್ದೀರಿ: ‘ಗ್ರಿಫಿನ್ ಮೇಲೆ ಹೋಗುವಾಗ ಐರನ್‌ಫೋರ್ಜ್ ಬೆಟ್ಟದ ಮೇಲೆ ಒಂದು ಏರ್‌ಫೀಲ್ಡ್ ಕಾಣುತ್ತಿತ್ತು, ಅಲ್ಲಿಗೆ ಹೋಗಲು ದಾರಿ ಇರಲಿಲ್ಲ.’ ಅಷ್ಟು ಹೇಳಿ ಮತ್ತೆ ಗೋಲ್ಡ್ ಲೆಕ್ಕಕ್ಕೆ ಓಡಿದ್ದೀರಿ. ಯಾಕೆ ಓಡಿದಿರಿ? ಓದುವವನು ಅಲ್ಲೇ ನಿಂತುಬಿಡುತ್ತಾನೆ. ನಾನೂ ನಿಂತೆ.

ಆ ವಾಕ್ಯವನ್ನು ಬಿಡಿಸಿ ನೋಡಿ. ಹಳೆಯ ಗೇಮಿನಲ್ಲೂ ಆಕಾಶ ಇತ್ತು, ಆದರೆ ಅದು ಬಾಡಿಗೆಯ ಆಕಾಶ. ಒಂದೂರಿನ ಫ್ಲೈಟ್ ಮಾಸ್ಟರ್‌ಗೆ ಒಂದಿಷ್ಟು ಕಾಸು ಕೊಟ್ಟರೆ ಅವನ ಗ್ರಿಫಿನ್ (ಹದ್ದಿನ ತಲೆ, ಸಿಂಹದ ಮೈಯ ಹಾರುವ ಪ್ರಾಣಿ) ನಿಮ್ಮನ್ನು ಹೊತ್ತು ಇನ್ನೊಂದೂರಿಗೆ ಇಳಿಸುತ್ತಿತ್ತು. ಆ ಇನ್ನೊಂದೂರಿಗೆ ಮೊದಲು ಕಾಲ್ನಡಿಗೆಯಲ್ಲೇ ಹೋಗಿ ಬಂದಿರಬೇಕು, ಇಲ್ಲದಿದ್ದರೆ ಅವನ ಪಟ್ಟಿಯಲ್ಲಿ ಆ ಊರೇ ಇರುವುದಿಲ್ಲ. ಹಾದಿ ಮೊದಲೇ ನಿಗದಿ. ನಡುವೆ ಇಳಿಯುವ ಹಾಗಿಲ್ಲ, ತಿರುಗಿಸುವ ಹಾಗಿಲ್ಲ. ಐರನ್‌ಫೋರ್ಜ್‌ನಿಂದ ಸ್ಟಾರ್ಮ್‌ವಿಂಡ್‌ಗೆ ಹೋಗುವಾಗ ಸೀರಿಂಗ್ ಗಾರ್ಜ್‌ನ ಬೆಂದ ನೆಲ ಕೆಳಗೆ ಸರಿಯುತ್ತಿತ್ತು, ಬ್ಲ್ಯಾಕ್‌ರಾಕ್ ಬೆಟ್ಟ ಎದುರಾಗುತ್ತಿತ್ತು. ಸಣ್ಣ ಲೆವೆಲಿನವನು ಕಾಲಿಟ್ಟರೆ ಸಾಯುವ ಜಾಗಗಳು ಅವು. ಮೇಲಿಂದ ಮಾತ್ರ ನೋಡಬಹುದಿತ್ತು.

ಹಾದಿ ನಿಗದಿ ಇದ್ದದ್ದರಿಂದಲೇ ಗೇಮ್ ಕಟ್ಟಿದವರಿಗೆ ಒಂದು ಅನುಕೂಲ ಇತ್ತು. ಆಟಗಾರನ ಕಣ್ಣು ಎಲ್ಲಿ ಬೀಳುತ್ತದೆ ಅಂತ ಅವರಿಗೆ ಗೊತ್ತಿತ್ತು. ಕಣ್ಣು ಬೀಳದ ಕಡೆ ಕೆಲಸ ಮಾಡಲಿಲ್ಲ. ಕಂಪನಿ ನಾಟಕದ ಅರಮನೆ ಪರದೆ ಹೇಗೋ ಹಾಗೆ: ಎದುರಿಂದ ಅರಮನೆ, ಹಿಂದೆ ಹೋದರೆ ಬೊಂಬು ಮತ್ತು ಬಟ್ಟೆ. ಎಷ್ಟೋ ಕಟ್ಟಡಗಳಿಗೆ, ಬೆಟ್ಟಗಳಿಗೆ ಹಿಂಬದಿಯೇ ಇರಲಿಲ್ಲ. ಎರಡು ಜೋನ್‌ಗಳ ನಡುವೆ ಏನೂ ಇಲ್ಲದ ಬೋಳು ನೆಲ ಬಿದ್ದಿತ್ತು. ಜೋನ್ ಸುತ್ತಲಿನ ಬೆಟ್ಟಗಳ ಕೆಲಸವೇ ಗೋಡೆಯಾಗಿ ನಿಲ್ಲುವುದು. ನೀವು ಕಣಿವೆಯ ದಾರಿಯಲ್ಲೇ ಬರಬೇಕು, ಕಾವಲಿನ ಮುಂದೆಯೇ ಹಾಯಬೇಕು.

ಇಂಥ ಜಗತ್ತಿನಲ್ಲಿ ಇದ್ದಕ್ಕಿದ್ದಂತೆ ಎಲ್ಲರಿಗೂ ರೆಕ್ಕೆ ಕೊಟ್ಟರೆ? ಗೋಡೆಗಳೆಲ್ಲ ಒಂದೇ ದಿನಕ್ಕೆ ಕೆಲಸಕ್ಕೆ ಬಾರದವಾಗುತ್ತವೆ. ಅದಕ್ಕೇ ಗೇಮ್ ಕಟ್ಟಿದ ಕಂಪನಿ ಬ್ಲಿಝಾರ್ಡ್ ಆರು ವರ್ಷ ಕೊಡಲಿಲ್ಲ. ಕೊಡುವಾಗ ಎರಡೂ ಖಂಡಗಳನ್ನು ಮತ್ತೆ ಕಟ್ಟಬೇಕಾಯಿತು. ಆ ನೆಪದಲ್ಲೇ ಬ್ಯಾರನ್ಸ್ ಬಯಲು ಸೀಳಿ ಎರಡಾಯಿತು, ಥೌಸಂಡ್ ನೀಡಲ್ಸ್ ಕಣಿವೆಗೆ ನೀರು ನುಗ್ಗಿತು. ನೀವು ಬರೆದ ಏರ್‌ಫೀಲ್ಡ್ ಕೂಡ ಬದಲಾಯಿತು. ಅದುವರೆಗೆ ಹಟ ಹಿಡಿದವರು ಕಡಿದಾದ ಬೆಟ್ಟವನ್ನು ಅಂಗುಲ ಅಂಗುಲ ಜಿಗಿದು ಹತ್ತಿ ಅಲ್ಲಿಗೆ ಕದ್ದು ಹೋಗುತ್ತಿದ್ದರು. ಕ್ಯಾಟಕ್ಲಿಸಮ್ ಬಂದ ಮೇಲೆ ಅಲ್ಲಿ ಕ್ವೆಸ್ಟ್‌ಗಳೇ, ಅಂದರೆ ಆಟಗಾರ ಮಾಡಬೇಕಾದ ಕೆಲಸಗಳೇ, ಬಂದವು. ಯಾರು ಬೇಕಾದರೂ ಹೋಗಬಹುದಾಯಿತು. ಹಾಗೆ ಹೋದ ದಿನ ನಿಮಗೆ ಏನನಿಸಿತು? ಖುಷಿಯಾಯಿತಾ, ಇಷ್ಟೇನಾ ಅನಿಸಿತಾ? ನೀವು ಅದನ್ನು ಬರೆದಿಲ್ಲ. ಬರೆಯಿರಿ. ಈ ಗೇಮ್ ಆಡದವರೂ ಅದನ್ನು ಓದುತ್ತಾರೆ.

ಎವರ್‌ಸಾಂಗ್ ವುಡ್ಸ್, ಘೋಸ್ಟ್‌ಲ್ಯಾಂಡ್ಸ್, ಅಝೂರ್‌ಮಿಸ್ಟ್ ದ್ವೀಪಗಳಲ್ಲಿ ವರ್ಷಗಟ್ಟಲೆ ಹಾರಲು ಬಿಡದೆ ಇದ್ದದ್ದಕ್ಕೆ ‘ಕಂಪನಿಯ ಸೋಮಾರಿತನ’ ಎಂದು ಬರೆದಿದ್ದೀರಿ. ಕಾರಣ ಹುಡುಕುವ ಮೊದಲೇ ತೀರ್ಪು ಕೊಟ್ಟ ಹಾಗಾಯಿತು. ಆ ಜೋನ್‌ಗಳು ಬಂದದ್ದು 2007ರಲ್ಲಿ. ನಕ್ಷೆಯಲ್ಲಿ ಅವು ಹಳೆಯ ಖಂಡಗಳಿಗೆ ಅಂಟಿಕೊಂಡಂತೆ ಕಂಡರೂ, ಒಳಗಿನ ಲೆಕ್ಕದಲ್ಲಿ ಔಟ್‌ಲ್ಯಾಂಡ್‌ನ ಮ್ಯಾಪಿನಲ್ಲಿ ಕೂತಿದ್ದವು. ಈಸ್ಟರ್ನ್ ಪ್ಲೇಗ್‌ಲ್ಯಾಂಡ್ಸ್‌ನಿಂದ ಘೋಸ್ಟ್‌ಲ್ಯಾಂಡ್ಸ್ ಒಳಗೆ ಕಾಲಿಡುವಾಗ ಲೋಡಿಂಗ್ ಸ್ಕ್ರೀನ್ ಬರುತ್ತಿದ್ದದ್ದು ಅದಕ್ಕೇ. ಪಕ್ಕದ ಜೋನ್‌ಗೆ ನಡೆದುಹೋಗುವಾಗ ಸಾಮಾನ್ಯವಾಗಿ ಹಾಗೆ ಆಗುವುದಿಲ್ಲ, ನೀವೂ ಗಮನಿಸಿರುತ್ತೀರಿ ಅಲ್ವಾ? 2010ರಲ್ಲಿ ಎರಡು ಖಂಡಗಳನ್ನು ತಿದ್ದಿ ಕಟ್ಟಿದಾಗ ಇವುಗಳನ್ನು ಮುಟ್ಟಲಿಲ್ಲ. ಇವು ನಡೆಯುವವರ ಜಗತ್ತಾಗಿಯೇ ಉಳಿದವು. ‘ಸೋಮಾರಿತನ’ ಅನ್ನುವ ಒಂದು ಮಾತಿನ ಜಾಗಕ್ಕೆ ಆ ಲೋಡಿಂಗ್ ಸ್ಕ್ರೀನ್ ತಂದಿಡಿ. ಓದುಗನಿಗೆ ಒಂದು ರಹಸ್ಯ ತಿಳಿದಂತಾಗುತ್ತದೆ.

ಡ್ರೇನೋರ್ ಎಂಬ ಲೋಕದ ಬಗ್ಗೆ ಎರಡು ಪುಟ ಸಿಟ್ಟು ಇದೆ. ಸಿಟ್ಟಿಗೆ ನನ್ನ ತಕರಾರಿಲ್ಲ. ಆದರೆ ಏನಾಯಿತು ಅಂತ ಹೇಳದೆ ‘ಆಟಗಾರರಿಗೆ ಅನ್ಯಾಯ’ ಎಂದರೆ ಓದುವವನು ಯಾರ ಪರ ನಿಲ್ಲಬೇಕು? 2014ರ ನವೆಂಬರ್‌ನಲ್ಲಿ ‘ವಾರ್‌ಲಾರ್ಡ್ಸ್ ಆಫ್ ಡ್ರೇನೋರ್’ ವಿಸ್ತರಣೆ ಬಂದಾಗ ಅಲ್ಲಿ ಹಾರುವ ಹಾಗಿರಲಿಲ್ಲ. 2015ರ ಮೇನಲ್ಲಿ ಡಿಸೈನರ್ ಅಯಾನ್ ಹಝಿಕೋಸ್ಟಾಸ್ ಮುಂದೆಯೂ ಕೊಡುವ ಯೋಚನೆ ಇಲ್ಲ ಎಂಬರ್ಥದಲ್ಲಿ ಮಾತಾಡಿದರು. ಆಟಗಾರರು ಸಿಡಿದೆದ್ದರು. ಜೂನ್‌ನಲ್ಲೇ ಕಂಪನಿ ಒಂದು ನಡುದಾರಿ ಹಿಡಿಯಿತು, ಅದೇ ‘ಡ್ರೇನೋರ್ ಪಾತ್‌ಫೈಂಡರ್’. ಇಡೀ ಡ್ರೇನೋರ್ ಸುತ್ತಬೇಕಿತ್ತು, ಅಲ್ಲಿನ ಮುಖ್ಯ ಕಥೆಗಳನ್ನು ಮುಗಿಸಬೇಕಿತ್ತು, 100 ನಿಧಿ ಹುಡುಕಬೇಕಿತ್ತು, ಟಾನಾನ್ ಕಾಡಿನ ಮೂರು ಬಣಗಳ ವಿಶ್ವಾಸ ಗಳಿಸಬೇಕಿತ್ತು. ಒಬ್ಬ ಪಾತ್ರ ಮುಗಿಸಿದರೆ ಆ ಅಕೌಂಟಿನ ಉಳಿದ ಪಾತ್ರಗಳಿಗೂ ಹಾರಾಟ ಸಿಗುತ್ತಿತ್ತು.

ನನ್ನ ಅಭಿಪ್ರಾಯ ನಿಮ್ಮದಕ್ಕೆ ವಿರುದ್ಧ. ಅದು ನ್ಯಾಯವಾದ ನಿಯಮವಾಗಿತ್ತು ಅಂತಲೇ ನನಗನಿಸುತ್ತದೆ. 2007ರಲ್ಲಿ ವೇಗದ ಹಾರಾಟ ಕಲಿಯಲು 5000 ಗೋಲ್ಡ್ ಬೇಕಿತ್ತು. ಆಗಿನ ಲೆಕ್ಕಕ್ಕೆ ಅದು ದೊಡ್ಡ ಮೊತ್ತ, ಕೂಡಿಡಲು ಜನ ಅದೇ ಕೆಲಸವನ್ನು ದಿನವೂ ಮಾಡುತ್ತಿದ್ದರು. ಗೋಲ್ಡ್ ಕೂಡಿಡುವುದಕ್ಕಿಂತ ನೆಲವನ್ನು ನಡೆದು ತಿಳಿದವನಿಗೆ ಆಕಾಶ ಕೊಡುವುದು ಮೇಲು. ಹಾಗಂತ ನೀವು ನನ್ನ ಮಾತು ಒಪ್ಪಿ ತಿದ್ದಬೇಕಿಲ್ಲ. ನಿಮ್ಮ ವಾದವನ್ನೇ ಇಟ್ಟುಕೊಳ್ಳಿ. ಕೆಲಸ ಮುಗಿಸಿ ರಾತ್ರಿ ಒಂದು ಗಂಟೆ ಮಾತ್ರ ಆಡುವವನಿಗೆ 100 ನಿಧಿ ಅಂದರೆ ಏನು ಅಂತ ಒಂದು ಸಂಜೆಯ ಆಟವನ್ನು ತೋರಿಸಿ. ಆಗ ನನ್ನಂಥವರೂ ಯೋಚಿಸುತ್ತೇವೆ.

ಡ್ರಾಗನ್‌ರೈಡಿಂಗ್ ಭಾಗ ಚಿಕ್ಕದಾಗಲಿ. 2022ರಲ್ಲಿ ಬಂತು, 2024ರ ಜನವರಿಯಲ್ಲಿ ಹಳೆಯ ಜೋನ್‌ಗಳಿಗೂ ಹರಡಿತು, ಮೇಲೇರಿ ಕೆಳಕ್ಕೆ ಧುಮುಕಿ ವೇಗ ಗಳಿಸುವ ಬೇರೆಯೇ ಬಗೆಯ ಹಾರಾಟ. ಇಷ್ಟು ಸಾಕು.

ಭಾಷೆಯ ಬಗ್ಗೆ ಒಂದೇ ಮಾತು. ‘ಆಟಗಾರನು ಗಗನಯಾನ ಸಾಮರ್ಥ್ಯವನ್ನು ಪಡೆಯಲು ನಿಗದಿತ ಶುಲ್ಕವನ್ನು ಪಾವತಿಸತಕ್ಕದ್ದು’ ಎಂದಿದ್ದೀರಿ. ಎಷ್ಟು ಗೋಲ್ಡ್, ಯಾರಿಗೆ, ಯಾವ ಲೆವೆಲ್‌ನಲ್ಲಿ ಅನ್ನುವುದು ಮೂರೂ ಅದರಲ್ಲಿ ಇಲ್ಲ. ‘ಲೆವೆಲ್ 60 ಆದವನು ಸ್ಟಾರ್ಮ್‌ವಿಂಡ್‌ನ ಟ್ರೈನರ್ ಕೈಗೆ 250 ಗೋಲ್ಡ್ ಇಟ್ಟರೆ ಲೈಸೆನ್ಸ್ ಸಿಗುತ್ತಿತ್ತು’ ಎಂದರೆ ಮೂರೂ ಬಂತು. ಗೆಳೆಯನಿಗೆ ನೀವು ಹೇಳುವುದೂ ಹೀಗೇ. ಏರ್‌ಫೀಲ್ಡಿನ ವಾಕ್ಯವನ್ನು ನೀವು ಹಾಗೇ ಬರೆದಿದ್ದೀರಿ, ಅದಕ್ಕೇ ಅದು ಎದ್ದು ಕಂಡಿತು.

ಹೀಗೆ ಮಾಡಿ. ಏರ್‌ಫೀಲ್ಡಿನಿಂದ ಶುರು ಮಾಡಿ. ಬಾಡಿಗೆ ಗ್ರಿಫಿನ್, ಗೋಡೆಯಂಥ ಬೆಟ್ಟಗಳು, 2010, ಆಮೇಲೆ ಡ್ರೇನೋರ್ ಜಗಳ, ಈ ದಾರಿಯಲ್ಲಿ ಬನ್ನಿ. ಅನ್‌ಲಾಕ್ ಮಾಡುವ ಕ್ರಮವನ್ನು ಕೊನೆಗೆ ಒಂದು ಪುಟ್ಟ ಚೌಕದಲ್ಲಿ ಹಾಕೋಣ, ಮೇಲೆ ತಿಂಗಳು, ವರ್ಷ ನಮೂದಿಸಿ. ಪ್ರಕಟಿಸುವ ಮುನ್ನ ಆ ಚೌಕವನ್ನು ಗೇಮ್ ತೆರೆದು ನೀವೇ ಇನ್ನೊಮ್ಮೆ ಸರಿ ನೋಡಬೇಕು. ಒಟ್ಟು 1500 ಪದ ದಾಟದಿರಲಿ. ಹಳೆಯ ಸ್ಕ್ರೀನ್‌ಶಾಟ್‌ಗಳು ನಿಮ್ಮ ಹತ್ತಿರ ಇದ್ದರೆ, ಅದರಲ್ಲೂ 2010ಕ್ಕೆ ಮುಂಚಿನವು ಇದ್ದರೆ, ದಯವಿಟ್ಟು ಜೊತೆಗೆ ಕಳಿಸಿ. ತಿದ್ದಿದ ಪ್ರತಿ ಬಂದ ತಕ್ಷಣ ಬೇರೆ ಕೆಲಸ ಬದಿಗಿಟ್ಟು ಓದುತ್ತೇನೆ.

ಇಂತಿ,
ಸಂಪಾದಕ