ಹೂಮಳೆ ಬಿದ್ದ ಒಂಬತ್ತನೇ ದಿನ

ಕೆಲಸ ಬಿಟ್ಟು, ಕೊಡಗಿನಲ್ಲೇ ಇದ್ದು, ಕಥೆಗೆ ಕಟ್ಟುಬೀಳದ ಪ್ರಾಯೋಗಿಕ ಸಿನಿಮಾಗಳನ್ನಷ್ಟೇ ಮಾಡಿಕೊಂಡು ಬದುಕಬಹುದೇ ಎಂದು ಕೇಳಿದ್ದೀರಿ. ಆ ಚಿತ್ರಗಳ ದುಡ್ಡಿನಲ್ಲಿ ಬದುಕಲಾಗದು. ಸೋಮವಾರಪೇಟೆ ಹತ್ತಿರದ ನಮ್ಮೂರಿನಲ್ಲಿ ಹದಿನಾಲ್ಕು ವರ್ಷಗಳಿಂದ ಇದೇ ನನ್ನ ಕೆಲಸ, ಆದರೆ ಮನೆಗೆ ಅಕ್ಕಿ ಬರುವುದು ಮದುವೆ ವಿಡಿಯೊಗಳಿಂದ. ಅದರ ಬಗ್ಗೆ ನನಗೆ ಕೊರಗಿಲ್ಲ. ಮುಖದ ಮೇಲೆ ಬೆಳಕು ಎಲ್ಲಿಂದ ಬೀಳುತ್ತಿದೆ ಎಂದು ನೋಡುವ ಅಭ್ಯಾಸವಾದದ್ದು ಮದುವೆ ಮನೆಗಳಲ್ಲೇ.

ಈ ದಾರಿಯ ಹಿರಿಯರದೂ ಇದೇ ಪಾಡು. ಅಮೆರಿಕದಲ್ಲಿ ಇಂಥ ಚಿತ್ರಗಳನ್ನು ಮಾಡಿದ ಮಾಯಾ ಡೆರೆನ್ 1943ರಲ್ಲಿ ಲಾಸ್ ಏಂಜಲೀಸ್‌ನ ತಮ್ಮ ಮನೆಯಲ್ಲೇ, ಗಂಡನ ಜೊತೆ ಸೇರಿ ಮೊದಲ ಚಿತ್ರ ತೆಗೆದರು. 1946ರಲ್ಲಿ ನ್ಯೂಯಾರ್ಕಿನ ರಂಗಮಂದಿರವೊಂದನ್ನು ಬಾಡಿಗೆಗೆ ಹಿಡಿದು ತಮ್ಮ ಚಿತ್ರಗಳನ್ನು ತಾವೇ ತೋರಿಸಿದರು. ಅಲ್ಲಿಯವರೇ ಆದ ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ ಕ್ಯಾಮೆರಾ ಮುಟ್ಟದೆ, ಸತ್ತ ಪತಂಗಗಳ ರೆಕ್ಕೆ, ಎಲೆ, ಹುಲ್ಲನ್ನು ಪಾರದರ್ಶಕ ಟೇಪಿಗೆ ಅಂಟಿಸಿಯೇ ಒಂದು ಚಿತ್ರ ಮಾಡಿದರು. ಅವರೂ ಕೊಲೊರಾಡೊ ವಿಶ್ವವಿದ್ಯಾಲಯದಲ್ಲಿ ವರ್ಷಗಟ್ಟಲೆ ಪಾಠ ಹೇಳಿದವರು.

ನಾನು ಆರು ವರ್ಷಗಳಿಂದ ಕಾಫಿ ಹೂವಿನ ಹಿಂದೆ ಬಿದ್ದಿದ್ದೇನೆ. ಮಾರ್ಚ್‌ನಲ್ಲೋ ಏಪ್ರಿಲ್‌ನಲ್ಲೋ ಹೂಮಳೆ, ಅಂದರೆ ಕಾಫಿ ಮೊಗ್ಗನ್ನು ಅರಳಿಸುವ ಮಳೆ, ಬೀಳುತ್ತದೆ. ಎಂಟು ಹತ್ತು ದಿನಕ್ಕೆ ತೋಟವಿಡೀ ಬೆಳ್ಳಗಾಗುತ್ತದೆ, ಮತ್ತೆರಡು ಮೂರು ದಿನಕ್ಕೆ ಕಂದಿಹೋಗುತ್ತದೆ. ಅದು ಮದುವೆಗಳ ಕಾಲವೂ ಹೌದು. ಒಪ್ಪಿಕೊಂಡ ಮದುವೆ ಆ ದಿನಗಳಿಗೇ ಬಿದ್ದರೆ ಗೋಣಿಕೊಪ್ಪದ ಗೆಳೆಯ ಹೋಗುತ್ತಾನೆ, ಹಣ ಪೂರ್ತಿ ಅವನಿಗೆ. ವರ್ಷವಿಡೀ ದುಡಿಯುವುದು ಈ ಮೂರು ದಿನಗಳನ್ನು ಉಳಿಸಿಕೊಳ್ಳುವುದಕ್ಕೆ.

ಇನ್ನೊಂದು ಮಾತು. ನಮ್ಮ ಮಳೆಗಾಲ ಲೆನ್ಸನ್ನು ತಿನ್ನುತ್ತದೆ. ಬೂಷ್ಟು ಜೇಡರ ಬಲೆಯಂತೆ ಅಂಚಿನಿಂದ ಒಳಕ್ಕೆ ಹಬ್ಬುತ್ತದೆ. ಗಾಳಿಯಾಡದ ಡಬ್ಬಿಯಲ್ಲಿ ತೇವ ಹೀರುವ ಸಿಲಿಕಾ ಜೆಲ್ ಹರಳು ಹಾಕಿಡಿ. ನೀಲಿ ಹರಳು ಗುಲಾಬಿ ಬಣ್ಣಕ್ಕೆ ತಿರುಗಿದರೆ ಅಡುಗೆಗೆ ಬಳಸದ ಬಾಣಲೆಯಲ್ಲಿ ಬಿಸಿ ಮಾಡಿ, ಮತ್ತೆ ನೀಲಿಯಾಗುತ್ತದೆ.

ಚಿತ್ರೋತ್ಸವಗಳಿಗೆ ಕಳುಹಿಸಿ, ಆದರೆ ಅವರ ಉತ್ತರಕ್ಕೆ ಕಾಯುತ್ತಾ ಕೂರಬೇಡಿ. ಕೊಯ್ಲು ಮುಗಿದು ಕಣ ಖಾಲಿಯಾದಾಗ ನಾನು ಅಲ್ಲೇ ಬಿಳಿ ಪಂಚೆ ಕಟ್ಟಿ ತೋರಿಸುತ್ತೇನೆ. ಕಳೆದ ಸಲ ಹನ್ನೊಂದು ನಿಮಿಷ, ಮಾತಿಲ್ಲ, ಕಥೆಯಿಲ್ಲ, ಹೂವಷ್ಟೇ. ತೋಟದ ಕೆಲಸದವರ ಲೈನ್ ಮನೆಯ ಅಜ್ಜಿಯೊಬ್ಬರು ನಡುವೆಯೇ ಎದ್ದು, "ಇದು ಕೆರೆ ಪಕ್ಕದ ಗಿಡ, ಇದೇ ಯಾವಾಗಲೂ ಮೊದಲು ಬಿರಿಯುವುದು" ಎಂದರು. ಆ ಗಿಡವನ್ನು ನಾನು ಆರು ವರ್ಷ ಚಿತ್ರಿಸಿದ್ದೆ, ಆ ಸಂಗತಿ ಗಮನಿಸಿರಲಿಲ್ಲ.

ಕೆಲಸ ಈಗಲೇ ಬಿಡಬೇಡಿ. ಮುಂದಿನ ಹೂಮಳೆ ಬಿದ್ದ ದಿನವೇ ಮೂರು ದಿನದ ರಜೆಗೆ ಅರ್ಜಿ ಹಾಕಿ, ಹೂ ಬಿರಿಯುವ ಹೊತ್ತಿಗೆ ಇಲ್ಲಿಗೆ ಬನ್ನಿ. ನನ್ನಲ್ಲಿ ಇನ್ನೊಂದು ಟ್ರೈಪಾಡ್ ಇದೆ.